ಮಾತನ್ನು ಮಾತಾಗಿಯೇ ಕೇಳಿಸಿಕೊಂಡ ಪೆರ್ ಲಿನೆಲ್

ಭಾಷಾವಿಜ್ಞಾನದ ಯಾವ ಪಠ್ಯಪುಸ್ತಕವನ್ನು ತೆರೆದರೂ ಮೊದಲ ಪುಟಗಳಲ್ಲೇ ಒಂದು ಘೋಷಣೆ ಇರುತ್ತದೆ: ಭಾಷೆಯೆಂದರೆ ಮೂಲತಃ ಆಡುಮಾತು, ಬರಹ ಆಮೇಲೆ ಬಂದದ್ದು. ಇಷ್ಟು ಹೇಳಿ ಮುಗಿಸಿದ ಮೇಲೆ ಆ ಪುಸ್ತಕ ಕೊಡುವ ಉದಾಹರಣೆಗಳು ಮಾತ್ರ ಹೆಚ್ಚಾಗಿ ಪೂರ್ಣವಿರಾಮದವರೆಗೆ ಅಚ್ಚುಕಟ್ಟಾಗಿ ಸಾಗುವ, ಯಾರೂ ಯಾರಿಗೂ ಹೇಳಿರದ ವಾಕ್ಯಗಳು. ಈ ಎಡವಟ್ಟನ್ನು ಬಿಡಿಬಿಡಿಯಾಗಿ ಗಮನಿಸಿದವರು ಹಲವರಿದ್ದಾರೆ. ಅದೇ ವಿಷಯದ ಮೇಲೆ 1982ರಲ್ಲಿ ಇಡೀ ಪುಸ್ತಕ ಬರೆದು, ಭಾಷಾವಿಜ್ಞಾನ ಬರಹದ ಕನ್ನಡಕವನ್ನು ತೆಗೆಯದೆಯೇ ಮಾತನ್ನು ನೋಡುತ್ತಿದೆ ಎಂದು ವಾದಿಸಿದವರು ಸ್ವೀಡನ್ನಿನ ಭಾಷಾವಿಜ್ಞಾನಿ ಪೆರ್ ಲಿನೆಲ್.

1944ರಲ್ಲಿ ಹುಟ್ಟಿದ ಲಿನೆಲ್ ಸಂಭಾಷಣೆಯ ಅಧ್ಯಯನದಿಂದ ಆರಂಭಿಸಿದವರಲ್ಲ. ಉಪ್ಸಾಲಾ ವಿಶ್ವವಿದ್ಯಾಲಯದಲ್ಲಿ 1974ರಲ್ಲಿ ಅವರು ಸಲ್ಲಿಸಿದ ಡಾಕ್ಟರೇಟ್ ಪ್ರಬಂಧ ಧ್ವನಿಗಳ ವ್ಯವಸ್ಥೆಯ ಬಗ್ಗೆ ಇತ್ತು. ಆಗ ಅಮೆರಿಕದ ಭಾಷಾವಿಜ್ಞಾನಿಗಳಾದ ನೋಮ್ ಚಾಮ್‌ಸ್ಕಿ ಮತ್ತು ಮಾರಿಸ್ ಹ್ಯಾಲೆ 1968ರಲ್ಲಿ ಮಂಡಿಸಿದ್ದ ಸಿದ್ಧಾಂತದ್ದೇ ಪ್ರಾಬಲ್ಯ. ನಾವು ಉಚ್ಚರಿಸುವ ಪದದ ಹಿಂದೆ ಅದಕ್ಕಿಂತ ಬೇರೆಯಾದ ಒಂದು ಅಮೂರ್ತ ರೂಪವಿದೆ, ಸಾಲುಸಾಲು ನಿಯಮಗಳನ್ನು ದಾಟಿ ಅದು ನಾಲಿಗೆಗೆ ಬರುತ್ತದೆ ಎಂದು ಆ ಸಿದ್ಧಾಂತ ಹೇಳುತ್ತಿತ್ತು. ಆ ಅಮೂರ್ತ ರೂಪಗಳು ಮಾತಾಡುವವರ ಮನಸ್ಸಿನಲ್ಲಿ ನಿಜವಾಗಿಯೂ ಇವೆಯೇ ಎಂಬುದು ಲಿನೆಲ್ ಅವರ ಪ್ರಶ್ನೆ. ಮನಸ್ಸಿನಲ್ಲಿರುವುದು ಉಚ್ಚಾರಣೆಗೆ ಹತ್ತಿರವಾದ ಯೋಜನೆಯೇ ಹೊರತು ಅಷ್ಟು ಆಳದಲ್ಲಿ ಹುದುಗಿದ ರೂಪವಲ್ಲ ಎಂಬ ನಿಲುವನ್ನು ಅವರು 1979ರಲ್ಲಿ ಕೇಂಬ್ರಿಜ್ ಪ್ರಕಟಿಸಿದ ಪುಸ್ತಕದಲ್ಲಿ ಇನ್ನಷ್ಟು ಬೆಳೆಸಿದರು. ಚಾಮ್‌ಸ್ಕಿ ಮತ್ತು ಹ್ಯಾಲೆ ಇಂಗ್ಲಿಷ್ ಕಾಗುಣಿತವನ್ನು, ಅದು ತಾವು ಹೇಳಿದ ಅಮೂರ್ತ ರೂಪಗಳಿಗೆ ಹತ್ತಿರವಿದೆ ಎಂಬ ಕಾರಣಕ್ಕೆ, ಆ ಭಾಷೆಗೆ ಹೆಚ್ಚುಕಡಿಮೆ ಅತ್ಯುತ್ತಮವಾದ ವ್ಯವಸ್ಥೆಯೆಂದು ಮೆಚ್ಚಿ ಬರೆದಿದ್ದನ್ನು ನೆನೆದರೆ, ಧ್ವನಿಗಳಿಂದ ಹೊರಟ ಲಿನೆಲ್ ಬರಹದ ಪ್ರಭಾವದ ಪ್ರಶ್ನೆಗೆ ಬಂದು ಮುಟ್ಟಿದ್ದು ನನಗಂತೂ ಆಶ್ಚರ್ಯವಾಗಿ ಕಾಣುವುದಿಲ್ಲ.

ಸ್ವೀಡಿಷ್ ಭಾಷೆಯೇ ಈ ಪ್ರಶ್ನೆಯನ್ನು ದಿನವೂ ಎದುರಿಗೆ ತಂದು ನಿಲ್ಲಿಸುತ್ತದೆ. ‘ಅವರು’ ಎನ್ನಲು ಒಂದು, ‘ಅವರನ್ನು’ ಎನ್ನಲು ಇನ್ನೊಂದು ಎಂದು ಬರಹದಲ್ಲಿ ಎರಡು ಪದಗಳಿವೆ. ಆದರೆ ದೇಶದ ಬಹುಪಾಲು ಜನರ ಬಾಯಲ್ಲಿ ಎರಡೂ ‘ದೊಮ್’ ಎಂಬ ಒಂದೇ ಪದ. ಹಾಗಾಗಿ ಬರೆಯಲು ಕುಳಿತಾಗ ಯಾವುದನ್ನು ಎಲ್ಲಿ ಹಾಕಬೇಕೆಂದು ತಡಕಾಡುವವರು ಅಲ್ಲಿ ಬಹಳ. ಬರಹವನ್ನೇ ಅಳತೆಗೋಲು ಮಾಡಿಕೊಂಡರೆ ಇವರೆಲ್ಲ ತಪ್ಪು ಮಾತಾಡುವವರಾಗುತ್ತಾರೆ.

1980ರ ದಶಕದಿಂದ ಲಿನೆಲ್ ಸ್ವೀಡನ್ನಿನ ಲಿನ್‌ಶೋಪಿಂಗ್ ವಿಶ್ವವಿದ್ಯಾಲಯದಲ್ಲಿ ಪ್ರಾಧ್ಯಾಪಕರಾಗಿದ್ದರು. ಅಲ್ಲಿನ ಸಂವಹನ ಅಧ್ಯಯನ ವಿಭಾಗ ಒಂದೇ ಶಾಸ್ತ್ರಕ್ಕೆ ಕಟ್ಟುಬಿದ್ದದ್ದಾಗಿರಲಿಲ್ಲ. ಆ ಪರಿಸರದಲ್ಲಿ ನ್ಯಾಯಾಲಯದ ವಿಚಾರಣೆ, ಪೊಲೀಸ್ ವಿಚಾರಣೆ ಮೊದಲಾದೆಡೆ ನಡೆಯುವ ಮಾತುಕತೆಯನ್ನು ಧ್ವನಿಮುದ್ರಿಸಿ, ತಡವರಿಕೆ ಮತ್ತು ಮೌನಗಳನ್ನೂ ಬಿಡದೆ ಬರಹಕ್ಕಿಳಿಸಿ ನೋಡುವ ಕೆಲಸಕ್ಕೆ ಅವರು ಇಳಿದರು.

ಆ ಅಧ್ಯಯನಗಳಲ್ಲಿ ನನ್ನನ್ನು ಹೆಚ್ಚು ಹಿಡಿದು ನಿಲ್ಲಿಸಿದ್ದು ಲಿಂಡಾ ಯೋನ್ಸನ್ ಜೊತೆಗೆ ಅವರು 1991ರಲ್ಲಿ ಪ್ರಕಟಿಸಿದ ಲೇಖನ. ಪೊಲೀಸರು ಶಂಕಿತನನ್ನು ಪ್ರಶ್ನಿಸಿದ ಸಂಭಾಷಣೆಯ ಧ್ವನಿಮುದ್ರಣ ಒಂದು ಕಡೆ, ಅದರ ಆಧಾರದ ಮೇಲೆ ಪೊಲೀಸರೇ ಬರೆದ ವರದಿ ಇನ್ನೊಂದು ಕಡೆ. ಎರಡನ್ನೂ ಅಕ್ಕಪಕ್ಕ ಇಟ್ಟು ಹೋಲಿಸಿದ್ದೇ ಆ ಲೇಖನದ ಕೆಲಸ. ಸಂಭಾಷಣೆಯಲ್ಲಿ ಅಧಿಕಾರಿ ಕೇಳುತ್ತಾನೆ, ಶಂಕಿತ ಅರೆಬರೆ ಉತ್ತರ ಕೊಡುತ್ತಾನೆ, ಅಧಿಕಾರಿಯೇ ಒಂದು ಪದವನ್ನು ಮುಂದಿಡುತ್ತಾನೆ, ಇವನು ‘ಹೂಂ’ ಎನ್ನುತ್ತಾನೆ. ವರದಿಯಲ್ಲಿ ಪ್ರಶ್ನೆಗಳು ಮಾಯವಾಗಿ, ಆ ‘ಹೂಂ’ ಶಂಕಿತನ ಪೂರ್ಣ ಹೇಳಿಕೆಯಾಗಿ ನಿಲ್ಲುತ್ತದೆ. ಹಿಂದುಮುಂದಾಗಿ ಬಂದ ಸಂಗತಿಗಳು ಕಾಲಾನುಕ್ರಮಕ್ಕೆ ಬರುತ್ತವೆ, ಮಸುಕಾಗಿದ್ದದ್ದು ಖಚಿತವಾಗುತ್ತದೆ, ತಾನೇಕೆ ಹಾಗೆ ನಡೆದುಕೊಂಡೆ ಎಂಬ ಅಳಲು ತೆಳುವಾಗುತ್ತದೆ. ಇಲ್ಲಿ ಯಾರೂ ಸುಳ್ಳು ಬರೆದಿರಬೇಕಾಗಿಲ್ಲ. ಇಬ್ಬರು ಸೇರಿ ಕಟ್ಟಿದ ಕಥೆ ಒಬ್ಬನ ಹೆಸರಿಗೆ ದಾಖಲಾಗಿರುತ್ತದೆ, ಆ ದಾಖಲೆ ನ್ಯಾಯಾಲಯಕ್ಕೆ ಹೋಗುತ್ತದೆ. ಹಳ್ಳಿಯವರ ಬಾಯಿಂದ ಎಂದೂ ಬಂದಿರಲಾರದ ‘ಸದರಿ’, ‘ಮೇಲ್ಕಂಡ’ಗಳಿಂದ ತುಂಬಿದ ನಮ್ಮ ಠಾಣೆಗಳ ಹೇಳಿಕೆಗಳನ್ನು ಓದಿದವರಿಗೆ ಇದನ್ನು ವಿವರಿಸಿ ಹೇಳಬೇಕಾಗಿಲ್ಲ.

ಅದಕ್ಕೂ ಮೊದಲು, 1988ರಲ್ಲಿ, ಸಹೋದ್ಯೋಗಿಗಳೊಂದಿಗೆ ಸೇರಿ ಅವರು ಸಂಭಾಷಣೆಯಲ್ಲಿ ಯಾರ ಮೇಲುಗೈ ಎಂಬುದನ್ನು ಅಳೆಯುವ ವಿಧಾನವೊಂದನ್ನು ರೂಪಿಸಿದ್ದರು. ಪ್ರತಿಯೊಂದು ಮಾತಿಗೂ ಎರಡು ಮುಖಗಳಿವೆ: ಹಿಂದಿನ ಮಾತಿಗೆ ಅದು ಎಷ್ಟು ಉತ್ತರ, ಮುಂದಿನ ಮಾತನ್ನು ಅದು ಎಷ್ಟು ಕೇಳಿ ಪಡೆಯುತ್ತದೆ ಎಂಬುದನ್ನು ನೋಡಿ ಅಂಕ ಕೊಡುವುದು ಕ್ರಮ. ಜಾಣತನದ ವಿಧಾನವೇ ಸರಿ. ಆದರೆ ಒಂದೇ ಒಂದು ಪ್ರಶ್ನೆ ಕೇಳಿ ಸುಮ್ಮನೆ ಕುಳಿತವನು ಎದುರಿನವನನ್ನು ಕಟ್ಟಿಹಾಕಿದ್ದರೆ ಅದಕ್ಕೆ ಎಷ್ಟು ಅಂಕ ಎಂಬ ಅನುಮಾನ ನನ್ನಲ್ಲಿ ಉಳಿದಿದೆ.

1998 ಮತ್ತು 2009ರಲ್ಲಿ ಬಂದ ಅವರ ಎರಡು ದೊಡ್ಡ ಪುಸ್ತಕಗಳಲ್ಲಿ ಲೆಕ್ಕಕ್ಕಿಂತ ತತ್ತ್ವವೇ ಮುಂದೆ. ರಷ್ಯಾದ ಚಿಂತಕ ಬಖ್ತಿನ್, ನಾರ್ವೆಯ ಮನೋವಿಜ್ಞಾನಿ ರಾಗ್ನರ್ ರೊಮ್ಮೆಟ್‌ವೈಟ್ ಮೊದಲಾದವರ ಚಿಂತನೆಯನ್ನು ಆಧರಿಸಿ, ಅರ್ಥವೆನ್ನುವುದು ಒಬ್ಬನ ತಲೆಯಲ್ಲಿ ತಯಾರಾಗಿ ಇನ್ನೊಬ್ಬನ ತಲೆಗೆ ರವಾನೆಯಾಗುವ ಸರಕಲ್ಲ, ಇಬ್ಬರ ನಡುವೆ ಆ ಹೊತ್ತಿಗೆ ಹುಟ್ಟುವಂಥದ್ದು ಎಂದು ಅವರು ವಾದಿಸುತ್ತಾರೆ. ಈ ಪುಸ್ತಕಗಳ ಓದು ಸಲೀಸಲ್ಲ. ಪರಿಭಾಷೆಯ ಮೇಲೆ ಪರಿಭಾಷೆ ಬಂದು ಕೂರುತ್ತದೆ, ಆಡುಮಾತಿನ ಪರ ವಕಾಲತ್ತು ವಹಿಸಿದವರ ಬರವಣಿಗೆ ಇಷ್ಟು ಬಿಗಿಯಾಗಿರುವುದು ಸ್ವಲ್ಪ ತಮಾಷೆಯಾಗಿಯೂ ಕಾಣುತ್ತದೆ. 1982ರ ಪುಸ್ತಕವನ್ನೂ ಅವರು ಪರಿಷ್ಕರಿಸಿ 2005ರಲ್ಲಿ ಮತ್ತೆ ತಂದರು.

ತತ್ತ್ವಕ್ಕಿಂತ ಅವರ ಸಣ್ಣ ವ್ಯಾಕರಣ ಲೇಖನಗಳೇ ನನಗೆ ಹೆಚ್ಚು ರುಚಿಸುತ್ತವೆ. ಹೆಲ್ಸಿಂಕಿಯ ಭಾಷಾವಿಜ್ಞಾನಿ ಯಾನ್ ಲಿಂಡ್‌ಸ್ಟ್ರೋಮ್ ಜೊತೆ ಸೇರಿ ಅವರು ಸ್ವೀಡಿಷ್ ಮಾತಿನಲ್ಲಿ ಪದೇ ಪದೇ ಕೇಳಿಬರುವ ಒಂದು ರಚನೆಯನ್ನು ಅಧ್ಯಯನ ಮಾಡಿದರು. ಊಟ ಚೆನ್ನಾಗಿತ್ತೇ ಎಂದು ಕೇಳಿದರೆ ಸ್ವೀಡನ್ನಿನವರು ‘ಬ್ರಾ ಓ ಬ್ರಾ’ ಎಂದು ಎಳೆಯಬಹುದು. ‘ಚೆನ್ನಾಗಿ ಮತ್ತು ಚೆನ್ನಾಗಿ’ ಎಂಬುದು ಅದರ ಅಕ್ಷರಾರ್ಥವಾದರೂ, ‘ಚೆನ್ನಾಗಿತ್ತು ಅಂದ್ರೆ... ಹೂಂ, ಪರವಾಗಿಲ್ಲ’ ಎಂಬುದು ಅದರ ಇಂಗಿತ. ಇದು ಸುಮ್ಮನೆ ಪುನರುಕ್ತಿಯಲ್ಲ; ಆ ಪದ ಈ ಸಂದರ್ಭಕ್ಕೆ ಎಷ್ಟರ ಮಟ್ಟಿಗೆ ಒಪ್ಪುತ್ತದೆ ಎಂದು ತೂಗಿನೋಡುವ ಕೆಲಸ, ಹೀಗಾಗಿ ಇದರ ಬೆನ್ನಿಗೇ ಸಾಮಾನ್ಯವಾಗಿ ಒಂದು ವಿವರಣೆಯೋ ತಿದ್ದುಪಡಿಯೋ ಬರುತ್ತದೆ. ‘ಚೆನ್ನಾಗಿ’ ಎಂಬ ಪದ ಆ ಮಾತುಕತೆಯಲ್ಲಿ ಮೊದಲೇ ಬಂದಿರದಿದ್ದರೆ ‘ಬ್ರಾ ಓ ಬ್ರಾ’ ಎನ್ನಲು ಆಸ್ಪದವೇ ಇಲ್ಲ; ಒಂದೊಂದೇ ವಾಕ್ಯವನ್ನು ಬಿಡಿಸಿ ಮೇಜಿನ ಮೇಲಿಟ್ಟು ವಿವರಿಸುವ ವ್ಯಾಕರಣದಲ್ಲಿ ಇದಕ್ಕೆ ಕೊಡಲು ಜಾಗವೂ ಇಲ್ಲ.