ಅಗೆದು ತಂದ ಕಾಲುವೆ

12 ಅಕ್ಟೋಬರ್ 2024, ಶನಿವಾರ
ಪ್ಯಾರಿಸ್

ಬೆಳಿಗ್ಗೆ ಸಾಂ ಮಾರ್ತಾಂ ಕಾಲುವೆಯ ದಂಡೆಗೆ ಹೋಗಿದ್ದೆ. ಕೆ ದ ಜೆಮ್ಮಾಪ್ ರಸ್ತೆಯ 102ನೇ ನಂಬರಿನ ಕಟ್ಟಡ ನೋಡಬೇಕಿತ್ತು. ಅದೇ ‘ಓತೆಲ್ ದ್ಯು ನೋರ್’. ಈಗ ಅಲ್ಲಿ ಊಟ, ಕಾಫಿ ಸಿಗುತ್ತದೆ. ಎದುರಿಗೇ ಕಾಲುವೆ, ಅದರ ಮೇಲೆ ಕಮಾನಿನ ಹಾಗೆ ಬಾಗಿದ ಕಬ್ಬಿಣದ ಸೇತುವೆ.

1938ರಲ್ಲಿ ಫ್ರೆಂಚ್ ನಿರ್ದೇಶಕ ಮಾರ್ಸೆಲ್ ಕಾರ್ನೆ ಇದೇ ಹೆಸರಿನ ಸಿನಿಮಾ ಮಾಡಿದರು. ಅದಕ್ಕಾಗಿ ಈ ಹೋಟೆಲನ್ನು ಪ್ಯಾರಿಸ್ ಪಕ್ಕದ ಬಿಯಾಂಕೂರಿನ ಸ್ಟುಡಿಯೊ ಹತ್ತಿರ ಹೊಸದಾಗಿ ಕಟ್ಟಿದರು. ನೆಲ ಅಗೆದು ನೀರು ತುಂಬಿಸಿ ಕಾಲುವೆಯನ್ನೂ ಮಾಡಿದರು. ಹಾಗೆ ಕಟ್ಟಿಸಿದ ಕಲಾ ನಿರ್ದೇಶಕರು ಅಲೆಕ್ಸಾಂಡರ್ ಟ್ರೌನರ್.

ಮನೆಗಳ ನಕ್ಷೆ ಬರೆಯುವ ಕೆಲಸ ನನ್ನದು. ಅದಕ್ಕೋ ಏನೋ, ಇವರ ಮೇಲೆ ನನಗೆ ಪ್ರೀತಿ ಜಾಸ್ತಿ. ಹುಟ್ಟಿದ್ದು 1906ರಲ್ಲಿ, ಬುಡಾಪೆಸ್ಟಿನಲ್ಲಿ. ಚಿತ್ರಕಲೆ ಕಲಿತು 1929ರಲ್ಲಿ ಪ್ಯಾರಿಸ್‌ಗೆ ಬಂದರು. ಇಲ್ಲಿ ಲಜಾರ್ ಮೀರ್ಸನ್ ಎಂಬ ದೊಡ್ಡ ಕಲಾ ನಿರ್ದೇಶಕರ ಕೈಕೆಳಗೆ ಕೆಲಸ ಕಲಿತರು.

ದಂಡೆಯಲ್ಲಿ ಕೂತಿದ್ದಾಗ ನನಗೆ ನೆನಪಾದದ್ದು ಮಾತ್ರ ಕಾರ್ನೆ ಅವರದೇ ಇನ್ನೊಂದು ಸಿನಿಮಾ, 1939ರ ‘ಲ ಜೂರ್ ಸ ಲೇವ್’. ಕೊಲೆ ಮಾಡಿದ ಕಾರ್ಮಿಕನೊಬ್ಬ ರಾತ್ರಿಯಿಡೀ ತನ್ನ ಕೋಣೆಯಲ್ಲೇ ಬಾಗಿಲು ಹಾಕಿಕೊಂಡು ಕೂರುತ್ತಾನೆ. ಕೆಳಗೆ ಪೊಲೀಸರು, ಜನ. ಆ ಪಾತ್ರ ಮಾಡಿದ್ದು ಜಾಂ ಗಬಾಂ. ಟ್ರೌನರ್ ಅವನ ಕೋಣೆಯನ್ನು ಕಟ್ಟಡದ ತುತ್ತತುದಿಯಲ್ಲಿ ಇಟ್ಟರು. ಕಟ್ಟಡಕ್ಕೆ ಅಕ್ಕಪಕ್ಕ ಆಸರೆಯಿಲ್ಲ, ಒಂಟಿ ಕಂಬದ ಹಾಗೆ ನಿಂತಿದೆ. ಅದು ಅಷ್ಟು ಎತ್ತರ ಇರಲೇಬೇಕು ಅಂತ ಅವರು ಹಟ ಹಿಡಿದಿದ್ದರಂತೆ. ಎರಡು ಮಹಡಿ ಕಮ್ಮಿ ಮಾಡಿದ್ದರೆ ಕೆಳಗಿನವರು ಕೂಗಿ ಮಾತಾಡಿಸಬಹುದಾದ ಮನುಷ್ಯ ಆಗಿಬಿಡುತ್ತಿದ್ದ, ಅಲ್ವಾ? ಅವನು ಎಷ್ಟು ಒಂಟಿ ಅಂತ ಯಾರೂ ಬಾಯಿಬಿಟ್ಟು ಹೇಳಬೇಕಿಲ್ಲ. ಮೆಟ್ಟಿಲುಗಳೇ ಹೇಳುತ್ತವೆ.

ಇಪ್ಪತ್ತು ವರ್ಷ ಆದಮೇಲೆ ಅಮೆರಿಕದಲ್ಲಿ, ಬಿಲ್ಲಿ ವೈಲ್ಡರ್ ಅವರ ‘ದಿ ಅಪಾರ್ಟ್‌ಮೆಂಟ್’ ಸಿನಿಮಾಕ್ಕೆ ಟ್ರೌನರ್ ಒಂದು ಆಫೀಸು ಕಟ್ಟಿದರು. ಕಣ್ಣು ಹೋದಷ್ಟು ದೂರ ಮೇಜುಗಳ ಸಾಲು. ಹಿಂದೆ ಹೋದಂತೆ ಮೇಜುಗಳು ಚಿಕ್ಕದಾಗುತ್ತವೆ. ಅಲ್ಲಿ ಕೂರಿಸಿದ ಜನರೂ ಕುಳ್ಳಗೆ. ಹಾಗಾಗಿ ಸ್ಟುಡಿಯೊದ ಜಾಗ ಕೊನೆಯೇ ಇಲ್ಲದಂತೆ ಕಾಣುತ್ತದೆ. ಗಬಾಂ ಎತ್ತರದಲ್ಲಿ ಒಂಟಿ, ಇಲ್ಲಿ ಗುಮಾಸ್ತನ ಪಾತ್ರದ ಜಾಕ್ ಲೆಮನ್ ಗುಂಪಿನ ನಡುವೆ ಒಂಟಿ. ಇದಕ್ಕೆ ಆಸ್ಕರ್ ಬಂತು.

ಇವೆರಡರ ನಡುವೆ ಯುದ್ಧದ ವರ್ಷಗಳಿವೆ. ಜರ್ಮನರು ಫ್ರಾನ್ಸನ್ನು ಹಿಡಿದಿದ್ದ ಕಾಲ. ಟ್ರೌನರ್ ಯಹೂದಿ, ಬಹಿರಂಗವಾಗಿ ಕೆಲಸ ಮಾಡುವಂತಿರಲಿಲ್ಲ. ದಕ್ಷಿಣ ಫ್ರಾನ್ಸಿನ ನೀಸ್ ಕಡೆಯ ಬೆಟ್ಟದೂರಿನಲ್ಲಿ ಅಡಗಿ ಕೂತು ಕಾರ್ನೆ ಅವರ ‘ಲೇಜಾಂಫಾಂ ದ್ಯು ಪಾರಾದಿ’ ಸಿನಿಮಾಕ್ಕೆ ಸೆಟ್‌ಗಳ ನಕ್ಷೆ ಬರೆದರು. 1943ರಲ್ಲಿ ನೀಸ್‌ನ ವಿಕ್ಟೊರಿನ್ ಸ್ಟುಡಿಯೊದಲ್ಲಿ, ಹಳೇ ಪ್ಯಾರಿಸ್ಸಿನ ನಾಟಕಶಾಲೆಗಳ ಬೀದಿ ಎದ್ದು ನಿಂತಿತು. ಟ್ರೌನರ್ ಬದಲಿಗೆ ಹೊರಗೆ ನಿಂತು ಸೆಟ್ ಕೆಲಸ ನೋಡಿಕೊಂಡವರು ಲೆಯೋಂ ಬಾರ್ಸಾಕ್. ತಾನು ಬರೆದ ಬೀದಿಯಲ್ಲಿ ಎಲ್ಲರ ಎದುರು ನಿಂತು ಹೀಗಲ್ಲ ಹಾಗೆ ಅನ್ನಲಾಗದ ಸಂಕಟ ಎಂಥದ್ದು! ನನ್ನ ಒಂದು ಕಿಟಕಿಯನ್ನು ಅರ್ಧ ಅಡಿ ಸರಿಸಿದರೇ ನನಗೆ ನಿದ್ದೆ ಬರುವುದಿಲ್ಲ.

ಸಿನಿಮಾ ತೆರೆಗೆ ಬಂದದ್ದು 1945ರ ಮಾರ್ಚ್‌ನಲ್ಲಿ. ಅಷ್ಟರಲ್ಲಿ ಪ್ಯಾರಿಸ್ ಬಿಡುಗಡೆಯಾಗಿತ್ತು. ಶುರುವಿನಲ್ಲಿ ಬರುವ ಹೆಸರುಗಳಲ್ಲಿ, ಭೂಗತರಾಗಿ ಕೆಲಸ ಮಾಡಿದವರು ಅಂತಲೇ ಟ್ರೌನರ್ ಮತ್ತು ಸಂಗೀತ ಕೊಟ್ಟ ಜೋಸೆಫ್ ಕೋಸ್ಮಾ ಅವರ ಹೆಸರು ಹಾಕಿದ್ದಾರೆ. ರೂಮಿಗೆ ಬಂದು ಆ ಭಾಗವನ್ನಷ್ಟೇ ಹಾಕಿದೆ. ಹೆಸರು ಬಂದ ಕಡೆ ನಿಲ್ಲಿಸಿ ಸುಮ್ನೆ ನೋಡುತ್ತಾ ಕೂತೆ.

ನಾಳೆ ಬಾರ್ಬೆಸ್ ಮೆಟ್ರೊ ನಿಲ್ದಾಣಕ್ಕೆ ಹೋಗಬೇಕು. ಕಾರ್ನೆ ಅವರ 1946ರ ಸಿನಿಮಾಕ್ಕೆ ಟ್ರೌನರ್ ಅದನ್ನೂ ಸ್ಟುಡಿಯೊದಲ್ಲೇ ಕಟ್ಟಿದ್ದರು.