ಸತ್ತ ಕೊಮಿಸಾರ್ ಬೇರೆ ಹೆಸರಲ್ಲಿ ಬಂದದ್ದು

ರುಮೇನಿಯಾದ ಹಳೆ ಪೊಲೀಸ್ ಸಿನಿಮಾಗಳನ್ನು ಬಿಡುಗಡೆಯಾದ ಕ್ರಮದಲ್ಲೇ ನೋಡಹೊರಟವರು ಮೂರನೆಯದಕ್ಕೆ ಬರುವಷ್ಟರಲ್ಲಿ ತಬ್ಬಿಬ್ಬಾಗುತ್ತಾರೆ. ಮೊದಲ ಚಿತ್ರದಲ್ಲಿ ಗುಂಡೇಟು ತಿಂದು ಸತ್ತವನು ಇಲ್ಲಿ ಹ್ಯಾಟು ಹಾಕಿಕೊಂಡು ಆರಾಮಾಗಿ ಓಡಾಡಿಕೊಂಡಿರುತ್ತಾನೆ. ಹೆಸರು ಮಾತ್ರ ಬೇರೆ. ಆ ನಟ ಸೆರ್ಜು ನಿಕೊಲಾಯೆಸ್ಕು. ನಿರ್ದೇಶಕನೂ ಅವನೇ, ಚಿತ್ರಕಥೆಯಲ್ಲೂ ಅವನ ಕೈ ಇದೆ.

ಮೊದಲನೆಯದು 1972ರ 'ಕು ಮೈನಿಲೆ ಕುರಾತೆ', ಅಂದರೆ ಶುದ್ಧ ಕೈಗಳಿಂದ. ಬರೆದವರು ಟಿಟುಸ್ ಪೊಪೊವಿಚ್ ಮತ್ತು ಪೆತ್ರೆ ಸಲ್ಕುದ್ಯಾನು. ಎರಡನೇ ಮಹಾಯುದ್ಧ ಮುಗಿದ ಹೊಸತು, ಬುಕಾರೆಸ್ಟ್ ತುಂಬ ದರೋಡೆಕೋರರು. ನಿಕೊಲಾಯೆಸ್ಕು ಮಾಡಿದ ಕೊಮಿಸಾರ್ (ಪೊಲೀಸ್ ಅಧಿಕಾರಿ) ಮಿಕ್ಲೊವಾನ್ ಮೊದಲು ಗುಂಡು ಹಾರಿಸಿ ಆಮೇಲೆ ಮಾತಾಡುವವನು. ಜೊತೆಗಿರುವ ರೊಮಾನ್ (ಇಲಾರಿಯೊನ್ ಚೊಬಾನು) ಕಾರ್ಮಿಕ ವರ್ಗದಿಂದ ಬಂದ ಕಮ್ಯುನಿಸ್ಟ್, ಎಲ್ಲವೂ ಕಾನೂನಿನ ಪ್ರಕಾರವೇ ಆಗಬೇಕೆನ್ನುವವನು. ಶೀರ್ಷಿಕೆಯ ಶುದ್ಧ ಕೈ ರೊಮಾನನದು. ಆ ಕಾಲದ ಸರ್ಕಾರಕ್ಕೆ ಬೇಕಾಗಿದ್ದ ನಾಯಕ ಅವನೇ, ಹಾಗಾಗಿ ಮಿಕ್ಲೊವಾನ್ ಸಾಯಲೇಬೇಕಿತ್ತು. ಎಡವಟ್ಟಾದದ್ದು ಇಲ್ಲೇ: ಜನ ಮನಸ್ಸು ಕೊಟ್ಟದ್ದು ಮಿಕ್ಲೊವಾನನಿಗೆ.

1973ರ 'ಉಲ್ತಿಮುಲ್ ಕಾರ್ತುಷ್' ಕಥೆಯನ್ನು ರೊಮಾನ್ ಒಬ್ಬನೇ ಎಳೆಯುತ್ತಾನೆ. ಅಚ್ಚುಕಟ್ಟಾದ ಚಿತ್ರವೇ, ಆದರೂ ಸತ್ತವನ ಜಾಗ ಖಾಲಿ ಹೊಡೆಯುತ್ತದೆ. ಅದಕ್ಕೇ 1974ರ 'ಉನ್ ಕೊಮಿಸಾರ್ ಅಕೂಜಾ'ದಲ್ಲಿ ತುದೊರ್ ಮೊಲ್ದೊವಾನ್ ಎಂಬ ಹೊಸ ಕೊಮಿಸಾರ್ ಬಂದ. ಕಥೆ 1940ಕ್ಕೆ ಹಿಂದೆ ಸರಿಯಿತು. ಈ ಸರಿಸುವಿಕೆಯಲ್ಲೇ ಜಾಣತನವಿರುವುದು. 1945ರ ನಂತರದ ಒಂಟಿ ಪೊಲೀಸ್ ಹೊಸ ಕಮ್ಯುನಿಸ್ಟ್ ವ್ಯವಸ್ಥೆಗೆ ತಲೆನೋವು. 1940ರಲ್ಲಿ ಎದುರಾಳಿಗಳು ಐರನ್ ಗಾರ್ಡ್‌ನ ಫ್ಯಾಸಿಸ್ಟರು, ಅವರ ಮೇಲೆ ಎಷ್ಟು ಗುಂಡು ಹಾರಿಸಿದರೂ ಸೆನ್ಸಾರಿನವರಿಗೆ ತಕರಾರಿಲ್ಲ. ಆ ವರ್ಷದ ನವೆಂಬರಿನಲ್ಲಿ ಝಿಲಾವಾ ಜೈಲಿನಲ್ಲಿ ಐರನ್ ಗಾರ್ಡ್ ರಾಜಕೀಯ ಕೈದಿಗಳನ್ನು ಕೊಂದ ಘಟನೆಯೇ ಕಥೆಯ ಬೇರು.

ನೋಡುವ ಕ್ರಮ ಹೀಗಿರಲಿ: 1972, 1973ರ ಜೋಡಿ ಒಟ್ಟಿಗೆ. ಆಮೇಲೆ 1974ರದ್ದು, ಅದರ ಬೆನ್ನಿಗೇ 1978ರ 'ರೆವಾನ್ಶಾ'. ಗಿಯೋರ್ಗೆ ದಿನಿಕಾ ಮಾಡಿದ ಪರಾಯ್‌ಪಾನ್ ಎಂಬ ಖಳ ಈ ಎರಡರಲ್ಲೂ ಇದ್ದಾನೆ, ನಡುವೆ ಬೇರೇನಾದರೂ ನೋಡಿದರೆ ಹಗೆಯ ಕಾವು ಆರುತ್ತದೆ. 1981ರ 'ದುಯೆಲುಲ್' ಬಿಡಿಯಾಗಿ ನೋಡಿದರೂ ನಡೆಯುತ್ತದೆ.

ನಿಕೊಲಾಯೆಸ್ಕು ಓದಿದ್ದು ಸಿನಿಮಾ ಅಲ್ಲ. 1930ರ ಏಪ್ರಿಲ್ 13ರಂದು ತಿರ್ಗು ಝಿಯುವಿನಲ್ಲಿ ಹುಟ್ಟಿ, ಬುಕಾರೆಸ್ಟಿನ ಪಾಲಿಟೆಕ್ನಿಕ್‌ನಲ್ಲಿ ಎಂಜಿನಿಯರಿಂಗ್ ಮುಗಿಸಿ, ಕಿರುಚಿತ್ರಗಳ ದಾರಿಯಿಂದ ಬಂದವನು. ಎಂಜಿನಿಯರ್ ಬುದ್ಧಿ ಕಾಣುವುದು ಯುದ್ಧದ ದೃಶ್ಯಗಳಲ್ಲಿ. 'ದಾಚಿ' (1967), 'ಮಿಹಾಯ್ ವಿತಿಯಾಜುಲ್' (1971) ಎಂಬ ಐತಿಹಾಸಿಕ ಚಿತ್ರಗಳೆರಡಕ್ಕೂ ತಲಾ 1.3 ಕೋಟಿಗೂ ಹೆಚ್ಚು ಟಿಕೆಟ್ ಮಾರಾಟವಾಯಿತು. ಎರಡನೆಯದರಲ್ಲಿ ಕಾಣುವ ದಂಡು ಕಂಪ್ಯೂಟರಿನದಲ್ಲ, ಸೈನ್ಯದಿಂದ ಕರೆತಂದ ನಿಜವಾದ ಸೈನಿಕರು. ನಾಯಕ ಅಮ್ಜಾ ಪೆಲ್ಯ. ನಿಕೊಲಾಯೆಸ್ಕು ಸೆಲಿಮ್ ಪಾಷಾನ ಪಾತ್ರಕ್ಕೆ ತೃಪ್ತಿಪಟ್ಟ. ಅಷ್ಟು ಸಂಯಮ ಮುಂದೆ ಅಪರೂಪವಾಯಿತು. ಪೊಪೊವಿಚ್ ಬರೆದುಕೊಟ್ಟಾಗ ಅವನ ಪಾತ್ರಗಳಿಗೆ ಎದುರುತ್ತರ ಕೊಡುವವರಿರುತ್ತಾರೆ. ತಾನೇ ಬರೆಯಲು ಕೂತಾಗ ಉಳಿದವರೆಲ್ಲ ಕೊಮಿಸಾರನ ಮಾತಿಗೆ ತಲೆಯಾಡಿಸುವವರೇ.

ಕಮ್ಯುನಿಸ್ಟ್ ಆಡಳಿತವನ್ನು ಉರುಳಿಸಿದ 1989ರ ಡಿಸೆಂಬರಿನ ಕ್ರಾಂತಿಯಲ್ಲಿ ಟಿವಿ ಸ್ಟುಡಿಯೊದಲ್ಲಿ ಕಾಣಿಸಿಕೊಂಡ. 1992ರಿಂದ 2012ರವರೆಗೆ ಸೆನೆಟರ್. 2013ರ ಜನವರಿ 3ರಂದು ತೀರಿಕೊಂಡಾಗ ದೇಹವನ್ನು ದಹನ ಮಾಡಿದ್ದು ದೊಡ್ಡ ಗಲಾಟೆಯಾಯಿತು. ಆರ್ಥೊಡಾಕ್ಸ್ ಚರ್ಚು ದಹನವನ್ನು ಒಪ್ಪುವುದಿಲ್ಲ.

ಅದಕ್ಕೂ ಮೊದಲು 2008ರಲ್ಲಿ, 78ರ ವಯಸ್ಸಿನಲ್ಲಿ, ಮೊಲ್ದೊವಾನನನ್ನು ಇನ್ನೊಮ್ಮೆ ಎಬ್ಬಿಸಿದ್ದ. ಚಿತ್ರದ ಹೆಸರಿನ ಅರ್ಥ 'ಬದುಕುಳಿದವನು'. ಅದನ್ನು ಕೊನೆಗಿಟ್ಟುಕೊಳ್ಳಿ. ಮೊದಲೇ ನೋಡಿದರೆ ಉಳಿದವುಗಳ ಕಡೆ ತಿರುಗಲು ಮನಸ್ಸು ಬರಲಿಕ್ಕಿಲ್ಲ.