ಪ್ಲಗ್ ಕೀಳದೆ ಆಟದಿಂದ ಹೊರಗೆ ಬರುವುದು: ನನ್ನ ವೀ ಪ್ರಾಜೆಕ್ಟ್, ಈವರೆಗೆ

ಮೊದಲ ಭಾನುವಾರ

ಅಕ್ಕನ ಮಗ ಒಂದು ಗೇಮ್‌ಕ್ಯೂಬ್ (ವೀಗಿಂತ ಮೊದಲು ಬಂದ ನಿಂಟೆಂಡೊ ಕನ್ಸೋಲ್) ಆಟ ಆಡಿ ಮುಗಿಸಿ, "ಮಾಮಾ, ಬೇರೆ ಆಟ ಹಾಕು" ಅಂದ. ನಾನು ಎದ್ದು ಹೋಗಿ ವೀ ಅನ್ನುವ ನಿಂಟೆಂಡೊ ಗೇಮ್ ಕನ್ಸೋಲ್‌ನ ಪವರ್ ಬಟನ್ ಒತ್ತಿ ಆಫ್ ಮಾಡಿದೆ. ಮತ್ತೆ ಆನ್ ಮಾಡಿದೆ. ಮೆನು ಬರುವವರೆಗೆ ಕಾದೆ, ಲೋಡರ್ (ಹಾರ್ಡ್ ಡಿಸ್ಕ್‌ನಿಂದ ಆಟ ಹಾಕುವ ಪ್ರೋಗ್ರಾಮ್) ತೆರೆದೆ, ಅದು ಹಾರ್ಡ್ ಡಿಸ್ಕ್ ಓದುವವರೆಗೆ ಕಾದೆ, ಆಮೇಲೆ ಪಟ್ಟಿಯಿಂದ ಇನ್ನೊಂದು ಆಟ ಆರಿಸಿದೆ. ಒಂದೇ ಸಂಜೆ ಆರು ಸಲ ಹೀಗಾಯಿತು. ಏಳನೇ ಸಲ ನಾನು ಪಕ್ಕದ ಕೋಣೆಯಲ್ಲಿದ್ದೆ. ಅವನು ಗೋಡೆಯ ಸ್ವಿಚ್ಚನ್ನೇ ಆಫ್ ಮಾಡಿಬಿಟ್ಟ.

ಅವನ ತಪ್ಪೇನೂ ಇಲ್ಲ. ಆಟ ಶುರು ಮಾಡುವುದು ಹೇಗೆ ಅಂತ ನಾನು ಅವನಿಗೆ ಹೇಳಿಕೊಟ್ಟಿದ್ದೆ, ನಿಲ್ಲಿಸುವುದು ಹೇಗೆ ಅಂತ ಹೇಳಿಕೊಟ್ಟಿರಲಿಲ್ಲ. ಹೇಳಿಕೊಡೋಣ ಅಂದರೆ ನನಗೇ ಗೊತ್ತಿರಲಿಲ್ಲ. ಈ ಕನ್ಸೋಲನ್ನು ಮಾಡ್ ಮಾಡುವಾಗ (ಹೊರಗಿನ ಪ್ರೋಗ್ರಾಮ್‌ಗಳೂ ಓಡುವ ಹಾಗೆ ಬದಲಾಯಿಸುವಾಗ) ನನ್ನ ಗಮನವೆಲ್ಲ ಆಟ ಓಡಿಸುವ ಕಡೆಗೇ ಇತ್ತು. ಹೊರಗೆ ಬರುವ ದಾರಿಯನ್ನು ಈಗ ಸರಿ ಮಾಡಬೇಕು.

ನನ್ನ ಹತ್ತಿರ ಇರುವುದು ಇಷ್ಟು: ಮೇಲೆ ಗೇಮ್‌ಕ್ಯೂಬ್ ಕಂಟ್ರೋಲರ್ ಸಾಕೆಟ್ ಇರುವ ಹಳೆಯ ಬಿಳಿ ವೀ. ಅದರಲ್ಲಿ ಹೋಮ್‌ಬ್ರೂ (ಅಂದರೆ ಹವ್ಯಾಸಿಗಳು ಬರೆದ) ಪ್ರೋಗ್ರಾಮ್‌ಗಳನ್ನು ತೆರೆಯುವ ಹೋಮ್‌ಬ್ರೂ ಚಾನೆಲ್, ಆಟಗಳ ಪಟ್ಟಿ ತೋರಿಸುವ ಲೋಡರ್ ಯುಎಸ್‌ಬಿ ಲೋಡರ್ ಜಿಎಕ್ಸ್, ಗೇಮ್‌ಕ್ಯೂಬ್ ಆಟಗಳನ್ನು ಹಾರ್ಡ್ ಡಿಸ್ಕ್‌ನಿಂದ ಓಡಿಸಲು ನಿಂಟೆಂಡೋಂಟ್ ಅನ್ನುವ ಪ್ರೋಗ್ರಾಮ್. ಫ್ಯಾಟ್32 ಅನ್ನುವ ವಿಧಾನದಲ್ಲಿ ಫಾರ್ಮ್ಯಾಟ್ ಮಾಡಿದ ಒಂದು ಹಾರ್ಡ್ ಡಿಸ್ಕ್. ಆಟಗಳೆಲ್ಲ ನನ್ನದೇ ಡಿಸ್ಕ್‌ಗಳಿಂದ ಕ್ಲೀನ್‌ರಿಪ್ ಅನ್ನುವ ಪ್ರೋಗ್ರಾಮ್ ಬಳಸಿ ನಕಲು ತೆಗೆದವು. ಒಂದೊಂದೂ ಸುಮಾರು 1.4 ಜಿಬಿ.

ಅದೇ ವಾರ, ರಾತ್ರಿಗಳಲ್ಲಿ

ಮೊದಲು ಒಂದು ಪ್ರಶ್ನೆ ಕೊರೆಯುತ್ತಿತ್ತು. ವೀ ಆಟದಲ್ಲಿ ಹೋಮ್ ಬಟನ್ ಒತ್ತಿದರೆ ಮೆನು ಬರುತ್ತದೆ, ಅಲ್ಲಿಂದ ಹೊರಗೆ ಬರಬಹುದು. ಗೇಮ್‌ಕ್ಯೂಬ್ ಆಟದಲ್ಲಿ ಯಾಕೆ ಆಗುವುದಿಲ್ಲ?

ಇದಕ್ಕೆ ಉತ್ತರ ಕನ್ಸೋಲ್ ಒಳಗೇ ಇದೆ. 2006ರ ವೀ, 2001ರ ಗೇಮ್‌ಕ್ಯೂಬ್‌ನ ಹಾರ್ಡ್‌ವೇರನ್ನೇ ಬೆಳೆಸಿ ಮಾಡಿದ ಯಂತ್ರ. ಅದಕ್ಕೆ ಅಸಲಿ ಗೇಮ್‌ಕ್ಯೂಬ್ ಡಿಸ್ಕ್ ಹಾಕಿದರೆ, ಅದು ತನ್ನ ವೇಗವನ್ನು ತಾನೇ ಇಳಿಸಿಕೊಳ್ಳುತ್ತದೆ. ಪ್ರೊಸೆಸರ್ 729 ಮೆಗಾಹರ್ಟ್ಸ್‌ನಿಂದ 486ಕ್ಕೆ ಬರುತ್ತದೆ, ಗ್ರಾಫಿಕ್ಸ್ ಚಿಪ್ 243ರಿಂದ 162ಕ್ಕೆ. ಎಂಐಒಎಸ್ ಅನ್ನುವ ಪುಟ್ಟ ವ್ಯವಸ್ಥೆ ಕೆಲಸ ವಹಿಸಿಕೊಳ್ಳುತ್ತದೆ. ಅಲ್ಲಿಂದ ಮುಂದೆ ಅದು ವೀ ಅಲ್ಲ, ಪೂರ್ತಿ ಗೇಮ್‌ಕ್ಯೂಬ್. ವೀ ರಿಮೋಟ್ ಕೆಲಸ ಮಾಡುವುದಿಲ್ಲ, ಹಾಗಾಗಿ ಹೋಮ್ ಬಟನ್ನೂ ಇಲ್ಲ. ರಿಸೆಟ್ ಬಟನ್ ಒತ್ತಿದರೆ ಅದೇ ಆಟ ಮತ್ತೆ ಮೊದಲಿಂದ ಶುರುವಾಗುತ್ತದೆ. ಆ ಕಾಲದ ಕನ್ಸೋಲ್‌ನಲ್ಲಿ ಆಟ ಬಿಡುವುದು ಅಂದರೆ ಪವರ್ ಆಫ್ ಮಾಡುವುದು ಅಂತಲೇ ಅರ್ಥ. ಬಿ, ಎಕ್ಸ್, ಸ್ಟಾರ್ಟ್ ಮೂರನ್ನೂ ಒಟ್ಟಿಗೆ ಹಿಡಿದರೆ ತುಂಬಾ ಆಟಗಳು ಶುರುವಿಗೆ ಹೋಗುತ್ತವೆ. ಆದರೆ ಅದು ಆಟದ ಒಳಗಿನ ಬಾಗಿಲು, ಹೊರಗಿನದಲ್ಲ.

ನಿಂಟೆಂಡೋಂಟ್ ಹಾಗಲ್ಲ. ಅದು ಕನ್ಸೋಲನ್ನು ವೀ ಸ್ಥಿತಿಯಲ್ಲೇ ಇಟ್ಟು ಆಟ ಓಡಿಸುತ್ತದೆ. ಆಟ ಮುಖ್ಯ ಪ್ರೊಸೆಸರ್ ಮೇಲೆ ಓಡುತ್ತಿರುವಾಗ, ನಿಂಟೆಂಡೋಂಟ್‌ನ ಒಂದು ಭಾಗ ವೀ ಒಳಗಿನ ಇನ್ನೊಂದು ಚಿಕ್ಕ ಪ್ರೊಸೆಸರ್ ಮೇಲೆ ಎಚ್ಚರವಾಗಿ ಕೂತಿರುತ್ತದೆ. ಡಿಸ್ಕ್ ಬೇಕು ಅಂತ ಆಟ ಕೇಳಿದಾಗ ಹಾರ್ಡ್ ಡಿಸ್ಕ್‌ನಿಂದ ಕೊಡುವುದು, ಮೆಮೊರಿ ಕಾರ್ಡ್ ಇದೆಯಾ ಅಂತ ಕೇಳಿದಾಗ ಒಂದು ಫೈಲನ್ನು ಮುಂದಿಡುವುದು, ಎಲ್ಲ ಅದರದೇ ಕೆಲಸ. ಕಂಟ್ರೋಲರ್ ಬಟನ್‌ಗಳನ್ನು ಓದುವ ಕೋಡ್ ಕೂಡ ನಿಂಟೆಂಡೋಂಟ್‌ನದೇ. ಅಂದರೆ ನಾವು ಒತ್ತಿದ್ದು ಆಟಕ್ಕಿಂತ ಮೊದಲು ಅದಕ್ಕೆ ಗೊತ್ತಾಗುತ್ತದೆ. ಹೊರಗಿನ ಬಾಗಿಲು ಇರುವುದು ಇಲ್ಲೇ.

ಎರಡು ಕೀ ಜೋಡಣೆಗಳಿವೆ. ಆರ್, ಝಡ್, ಸ್ಟಾರ್ಟ್ ಒಟ್ಟಿಗೆ ಒತ್ತಿದರೆ ಆಟ ರಿಸೆಟ್ ಆಗುತ್ತದೆ. ಆರ್, ಝಡ್, ಬಿ ಮತ್ತು ಡಿ-ಪ್ಯಾಡ್‌ನ (ನಾಲ್ಕು ದಿಕ್ಕಿನ ಬಟನ್) ಕೆಳಗಿನ ಬಾಣ ಒಟ್ಟಿಗೆ ಒತ್ತಿದರೆ ಆಟದಿಂದ ಪೂರ್ತಿ ಹೊರಗೆ. ನಿಂಟೆಂಡೋಂಟ್‌ನ ಸೋರ್ಸ್ ಕೋಡ್ ಎಲ್ಲರಿಗೂ ತೆರೆದೇ ಇದೆ, ಹೋಗಿ ನೋಡಿದೆ. ಪ್ರತಿ ಬಟನ್‌ಗೂ ಒಂದು ಹೆಕ್ಸ್ (16ರ ಲೆಕ್ಕದ) ಸಂಖ್ಯೆ: ಬಿ 200, ಆರ್ 20, ಝಡ್ 10, ಕೆಳಗಿನ ಬಾಣ 4. ಕೂಡಿದರೆ 234. ಆ 234 ಕಂಡ ತಕ್ಷಣ ಆಟ ನಿಲ್ಲಿಸು ಅಂತ ಬರೆದಿದ್ದಾರೆ. ನೋಡಿ ತುಂಬಾ ಖುಷಿಯಾಯಿತು.

ಶನಿವಾರ: ಒತ್ತಿದರೂ ಬರಲಿಲ್ಲ

ನಾಲ್ಕೂ ಒತ್ತಿದೆ, ಏನೂ ಆಗಲಿಲ್ಲ. ಇನ್ನೊಮ್ಮೆ ಒತ್ತಿದೆ, ಆಟದೊಳಗೆ ಕಾರು ಹಿಂದಕ್ಕೆ ಹೋಯಿತು ಅಷ್ಟೇ. ಕಂಟ್ರೋಲರ್ ಹಾಳಾಗಿದೆ ಅಂದುಕೊಂಡು ಇನ್ನೊಂದು ಹಾಕಿದೆ. ಅದೂ ಹಾಗೆಯೇ.

ಬೆರಳನ್ನೇ ನೋಡುತ್ತಾ ನಿಧಾನವಾಗಿ ಒತ್ತಿದಾಗ ಗೊತ್ತಾಯಿತು. ಗೇಮ್‌ಕ್ಯೂಬ್ ಕಂಟ್ರೋಲರ್‌ನ ಆರ್ ಒಂದೇ ಬಟನ್ ಅಲ್ಲ, ಎರಡು. ಒತ್ತುತ್ತಾ ಹೋದರೆ ಸ್ಪ್ರಿಂಗ್ ಇಳಿಯುತ್ತದೆ, ಅದು ಎಷ್ಟು ಇಳಿದಿದೆ ಅನ್ನುವುದು ಒಂದು ಅಳತೆ. ಪೂರ್ತಿ ತಳಕ್ಕೆ ಹೋದಾಗ "ಟಕ್" ಅಂತ ಒಂದು ಸದ್ದು ಬರುತ್ತದೆ. ಅದೇ ಬೇರೆ ಬಟನ್. ನಿಂಟೆಂಡೋಂಟ್ ಕಾಯುವುದು ಆ ಟಕ್‌ಗೆ. ನಾನು ಮುಕ್ಕಾಲು ಒತ್ತಿ ನಿಲ್ಲಿಸುತ್ತಿದ್ದೆ.

ಈಗ ಕೈ ಇಡುವ ರೀತಿ ಹೀಗಿದೆ. ಬಲಗೈಯ ಮಧ್ಯದ ಬೆರಳು ಆರ್ ಮೇಲೆ, ತೋರುಬೆರಳು ಅದರ ಮುಂದಿನ ಝಡ್ ಮೇಲೆ, ಬಲ ಹೆಬ್ಬೆರಳು ಬಿ ಮೇಲೆ, ಎಡ ಹೆಬ್ಬೆರಳು ಡಿ-ಪ್ಯಾಡ್ ಕೆಳಗೆ. ಮೊದಲು ಆರ್ ಟಕ್ ಅನ್ನಬೇಕು. ಅದನ್ನು ಬಿಡದೆ ಉಳಿದ ಮೂರು. ಹೀಗೆ ಮಾಡಿದ ಮೊದಲ ಸಲವೇ ಪರದೆ ಕಪ್ಪಾಯಿತು.

ಕಪ್ಪಾಗಿ, ಬಂದು ನಿಂತದ್ದು ವೀ ಮುಖ್ಯ ಮೆನುವಿನಲ್ಲಿ. ಅರ್ಧ ಕೆಲಸ ಆಯಿತು. ನನಗೆ ಬೇಕಿದ್ದುದು ಆಟಗಳ ಪಟ್ಟಿ.

ಭಾನುವಾರ: ಎಲ್ಲಿಗೆ ವಾಪಸ್?

ಹೋಮ್‌ಬ್ರೂ ಪ್ರೋಗ್ರಾಮ್ ಮುಗಿದಾಗ ಮುಂದೆ ಎಲ್ಲಿಗೆ ಹೋಗಬೇಕು ಅನ್ನುವುದನ್ನು ಮೆಮೊರಿಯ ಒಂದು ಮೂಲೆಯಲ್ಲಿ ಬರೆದಿಟ್ಟಿರುತ್ತಾರೆ. ವಿಳಾಸ 80001800. ಅಲ್ಲಿ ಒಂದು ಚಿಕ್ಕ ಕೋಡ್ ತುಂಡು ಕೂತಿರುತ್ತದೆ, ಅದಕ್ಕೆ ಸ್ಟಬ್ ಅಂತಾರೆ. ಪಕ್ಕದಲ್ಲೇ "ಸ್ಟಬ್‌ಹ್ಯಾಕ್ಸ್" ಅನ್ನುವ ಎಂಟು ಇಂಗ್ಲಿಷ್ ಅಕ್ಷರದ ಗುರುತು. ಆ ಗುರುತು ಕಂಡರೆ ಸ್ಟಬ್ ಇದೆ ಅಂತ ತಿಳಿದು ಪ್ರೋಗ್ರಾಮ್ ಅಲ್ಲಿಗೆ ಜಿಗಿಯುತ್ತದೆ. ಇಲ್ಲದಿದ್ದರೆ ಮುಖ್ಯ ಮೆನುವಿಗೆ. ಮನೆಯಿಂದ ಹೊರಡುವಾಗ ಬಾಗಿಲ ಬಳಿ ಚೀಟಿ ಇಟ್ಟು ಹೋದ ಹಾಗೆ, ಅಲ್ವಾ?

ಯುಎಸ್‌ಬಿ ಲೋಡರ್ ಜಿಎಕ್ಸ್‌ಗೆ ಆ ಚೀಟಿ ಬರೆಯಲು ಬರುತ್ತದೆ. ಸೆಟ್ಟಿಂಗ್ಸ್‌ನಲ್ಲಿ "ರಿಟರ್ನ್ ಟು" ಅಂತ ಒಂದು ಸಾಲಿದೆ. ಇಷ್ಟು ದಿನ ನಾನು ಅದನ್ನು ಮುಟ್ಟಿರಲೇ ಇಲ್ಲ. ಅಲ್ಲಿ ಲೋಡರ್‌ನದೇ ಚಾನೆಲ್ ಆರಿಸಿದೆ. ಆಟಕ್ಕೆ ಹೋದೆ, ನಾಲ್ಕು ಬಟನ್ ಒತ್ತಿದೆ. ಕಪ್ಪು ಪರದೆ, ಲೋಡರ್ ಚಿತ್ರ, ಆಮೇಲೆ ಆಟಗಳ ಪಟ್ಟಿ. ಸೋಫಾದಿಂದ ಏಳದೆ!

ಸೇವ್ ವಿಷಯ

ಇದೇ ಈ ಪ್ರಾಜೆಕ್ಟ್‌ನ ಮುಖ್ಯ ಭಾಗ. ಇದಕ್ಕೇ ಜಾಸ್ತಿ ಸಮಯ ಕೊಟ್ಟೆ.

ಗೋಡೆಯ ಸ್ವಿಚ್ ತೆಗೆದ ಆ ದಿನ ಹುಡುಗನ ಒಂದು ಇಡೀ ಸಂಜೆಯ ಆಟ ಹೋಗಿತ್ತು. "ನಾನು ಸೇವ್ ಮಾಡಿದ್ದೆ ಮಾಮಾ, ಸೇವ್ ಆಯ್ತು ಅಂತ ಬಂತು" ಅಂತ ಅವನು ಹೇಳುತ್ತಲೇ ಇದ್ದ. ನಾನು ನಂಬಲಿಲ್ಲ. ಅವನು ಹೇಳಿದ್ದು ಸರಿಯಾಗಿತ್ತು.

ಅಸಲಿ ಗೇಮ್‌ಕ್ಯೂಬ್‌ನಲ್ಲಿ ಸೇವ್ ಆಯಿತು ಅಂದರೆ ಕಾರ್ಡ್‌ಗೆ ಹೋಯಿತು ಅಂತ. ನಿಂಟೆಂಡೋಂಟ್‌ನಲ್ಲಿ ಮೆಮೊರಿ ಕಾರ್ಡ್ ಒಂದು ಫೈಲ್. ಆಟ ಬರೆದದ್ದು ಮೊದಲು ಕನ್ಸೋಲ್‌ನ ಮೆಮೊರಿಗೆ ಬರುತ್ತದೆ. ಆಟ ಬರೆಯುವುದನ್ನು ನಿಲ್ಲಿಸಿ ಕೆಲವು ಸೆಕೆಂಡು ಆದಮೇಲೆ ಅದೆಲ್ಲ ಹಾರ್ಡ್ ಡಿಸ್ಕ್‌ನ ಫೈಲಿಗೆ ಇಳಿಯುತ್ತದೆ. ಆಟಕ್ಕೆ ಈ ಸಂಗತಿ ಗೊತ್ತಿಲ್ಲ, ಅದು ಮೊದಲೇ "ಆಯಿತು" ಅಂದುಬಿಡುತ್ತದೆ. ಆ ಕೆಲವು ಸೆಕೆಂಡಿನಲ್ಲಿ ಕರೆಂಟ್ ಹೋದರೆ ಸೇವ್ ಹೋಯಿತು.

ಪರೀಕ್ಷೆ ಮಾಡಿಯೇ ನೋಡಬೇಕು ಅನಿಸಿತು. ಸೇವ್ ಫೈಲ್‌ಗಳ ಒಂದು ನಕಲು ಕಂಪ್ಯೂಟರ್‌ನಲ್ಲಿ ಇಟ್ಟುಕೊಂಡೆ. ಆಮೇಲೆ ಸೇವ್ ಆಯಿತು ಅಂತ ಪರದೆಯಲ್ಲಿ ಬಂದ ತಕ್ಷಣ ಸ್ವಿಚ್ ತೆಗೆದೆ. ಮತ್ತೆ ಆನ್ ಮಾಡಿ ನೋಡಿದರೆ ಹಳೆಯ ಸೇವ್ ಮಾತ್ರ ಇತ್ತು. ಎರಡನೇ ಸಲ ಮನಸ್ಸಿನಲ್ಲೇ ಹತ್ತು ಎಣಿಸಿ ತೆಗೆದೆ, ಹೊಸ ಸೇವ್ ಇತ್ತು. ಮೂರನೇ ಸಲ ಸೇವ್ ಆದ ಕೂಡಲೇ, ಕಾಯದೆ, ನಾಲ್ಕು ಬಟನ್ ಒತ್ತಿ ಹೊರಗೆ ಬಂದೆ. ಸೇವ್ ಇತ್ತು. ಸರಿಯಾದ ಬಾಗಿಲಿಂದ ಹೊರಗೆ ಬಂದರೆ ನಿಂಟೆಂಡೋಂಟ್ ಉಳಿದದ್ದನ್ನೆಲ್ಲ ಬರೆದೇ ಹೊರಡುತ್ತದೆ.

ಹುಡುಗನಿಗೆ ಹೋಗಿ ಹೇಳಿದೆ, ನೀನು ಹೇಳಿದ್ದೇ ಸರಿ ಅಂತ.

ಇದರ ಜೊತೆ ಎರಡು ಸೆಟ್ಟಿಂಗ್ ಬದಲಾಯಿಸಿದೆ. ಡ್ರೈವ್ ಎಲ್‌ಇಡಿ ಆಯ್ಕೆ ಆನ್ ಮಾಡಿದರೆ, ಹಾರ್ಡ್ ಡಿಸ್ಕ್ ಓದುವಾಗ ಬರೆಯುವಾಗ ಡಿಸ್ಕ್ ಹಾಕುವ ಸಂದಿಯ ನೀಲಿ ದೀಪ ಹೊತ್ತುತ್ತದೆ. ಸೇವ್ ಮಾಡಿ ಸುಮ್ನೆ ನೋಡುತ್ತಾ ಕೂತರೆ, ಸ್ವಲ್ಪ ಹೊತ್ತಿಗೆ ಆ ನೀಲಿ ಮಿಣುಕುವುದು ಕಾಣುತ್ತದೆ. ಅದೇ ನಿಜವಾದ "ಸೇವ್ ಆಯಿತು". ಇನ್ನೊಂದು, ಎಲ್ಲ ಆಟಗಳಿಗೂ ಒಂದೇ ಕಾರ್ಡ್ ಅನ್ನುವುದನ್ನು ಆಫ್ ಮಾಡಿ, ಪ್ರತಿ ಆಟಕ್ಕೂ ಬೇರೆ ಬೇರೆ ಕಾರ್ಡ್ ಫೈಲ್ ಮಾಡಿದೆ. 251 ಬ್ಲಾಕ್‌ನ ಕಾರ್ಡ್ ಅಂದರೆ 2 ಎಂಬಿ ಅಷ್ಟೇ, ಜಾಗದ ಚಿಂತೆಯೇ ಇಲ್ಲ. ಒಂದು ಫೈಲ್ ಕೆಟ್ಟರೂ ಉಳಿದ ಆಟಗಳು ಕ್ಷೇಮ.

ಒಂದು ಎಚ್ಚರಿಕೆ ಮಾತ್ರ ಹೇಳಲೇಬೇಕು. ಹೊರಗೆ ಬರುವ ಜೋಡಣೆ ಆಟವನ್ನು ಸೇವ್ ಮಾಡುವುದಿಲ್ಲ. ಸೇವ್ ಆಗಿರುವುದನ್ನು ಕಾಪಾಡುತ್ತದೆ, ಅಷ್ಟೇ. ಹುಡುಗ ಹೊಸ ಜೋಡಣೆ ಕಲಿತ ಖುಷಿಯಲ್ಲಿ ಆನಿಮಲ್ ಕ್ರಾಸಿಂಗ್‌ನಿಂದ ಸೇವ್ ಮಾಡದೆ ಹೊರಗೆ ಬಂದ. ಆ ಆಟದಲ್ಲಿ ಮನೆ ಮುಂದಿರುವ ಜೈರಾಯ್ಡ್ ಅನ್ನುವ ಬೊಂಬೆಯ ಹತ್ತಿರ ಹೋಗಿ ಮಾತಾಡಿಸಿ ಸೇವ್ ಮಾಡಬೇಕು. ಮಾರನೇ ದಿನ ಆಟ ತೆರೆದರೆ, ನೆಲ ಒಡೆದುಕೊಂಡು ಮಿಸ್ಟರ್ ರಿಸೆಟ್ಟಿ ಮೇಲೆ ಬಂದ. ಸೇವ್ ಮಾಡದೆ ಹೋದವರನ್ನು ಬೈಯುವುದೇ ಆ ಪಾತ್ರದ ಕೆಲಸ. ಹುಡುಗ ಬೈಗುಳ ಪೂರ್ತಿ ಓದಿದ. ಅಂದಿನಿಂದ ಮರೆತಿಲ್ಲ.

ಮುಂದಿನ ವಾರ: ಚಿಕ್ಕ ಕೈಗಳು

ಅವನಿಗೆ ಜೋಡಣೆ ಬಾಯಿಪಾಠ ಆಯಿತು, ಆದರೆ ಬೆರಳು ಎಟುಕುತ್ತಿಲ್ಲ. ಆರ್ ತಳಕ್ಕೆ ಒತ್ತಿ ಹಿಡಿದರೆ ಝಡ್ ತಪ್ಪುತ್ತದೆ, ಝಡ್ ಸಿಕ್ಕರೆ ಆರ್ ಮೇಲೆ ಬರುತ್ತದೆ. ಕಂಟ್ರೋಲರನ್ನು ತೊಡೆಯ ಮೇಲಿಟ್ಟು ಎರಡೂ ಕೈ ಒಂದೇ ಕಡೆ ತಂದು ಒತ್ತಲು ನೋಡಿದ. ಹಾಗೆ ಮಾಡಿದರೆ ಕೆಳಗಿನ ಬಾಣ ಒತ್ತಲು ಕೈ ಉಳಿಯುವುದಿಲ್ಲ.

ಮನೆಯಲ್ಲಿ ಒಂದು ಯುಎಸ್‌ಬಿ ಕಂಟ್ರೋಲರ್ ಇತ್ತು. ಇಂಥವನ್ನು ನಿಂಟೆಂಡೋಂಟ್ ಒಪ್ಪುತ್ತದೆ. ಯಾವ ಬಟನ್ ಯಾವುದು ಅಂತ ಒಂದು ಐಎನ್‌ಐ ಫೈಲಿನಲ್ಲಿ (ಸೆಟ್ಟಿಂಗ್‌ಗಳನ್ನು ಬರೆದಿಡುವ ಸಾದಾ ಪಠ್ಯದ ಫೈಲ್) ಬರೆದು ಕೊಡಬೇಕು. ಆ ಫೈಲಿನಲ್ಲಿ "ಪವರ್" ಅಂತ ಒಂದು ಸಾಲಿಗೂ ಅವಕಾಶ ಇದೆ. ಅಲ್ಲಿ ಹೇಳಿದ ಬಟನ್ ಒಂದನ್ನೇ ಒತ್ತಿದರೂ ಸಾಕು, ಹೊರಗೆ.

ಎಚ್‌ಐಡಿ ಟೆಸ್ಟ್ ಅನ್ನುವ ಪುಟ್ಟ ಪ್ರೋಗ್ರಾಮ್ ಓಡಿಸಿದೆ. ಕಂಟ್ರೋಲರ್ ಕಳಿಸುವ ಸಂಖ್ಯೆಗಳು ಪರದೆ ಮೇಲೆ ಸಾಲಾಗಿ ಬರುತ್ತವೆ. ಮಧ್ಯದ ಬಟನ್ ಒತ್ತಿದಾಗ ಒಂದೇ ಒಂದು ಜಾಗದಲ್ಲಿ 00 ಹೋಗಿ 10 ಆಗುತ್ತಿತ್ತು, ಬಿಟ್ಟಾಗ ಮತ್ತೆ 00. ಸೊನ್ನೆಯಿಂದ ಎಣಿಸಿದರೆ ಅದು ಆರನೇ ಜಾಗ. ಫೈಲಿನಲ್ಲಿ ಪವರ್ ಅಂತ ಬರೆದು, ಸಮ ಚಿಹ್ನೆ ಹಾಕಿ, ಮುಂದೆ 6,10 ಅಂತ ಸೇರಿಸಿದೆ. ಅಷ್ಟೇ ಕೆಲಸ.

ಮೊದಲು ನಾನು ಇದನ್ನು ಸೆಲೆಕ್ಟ್ ಬಟನ್‌ಗೆ ಕೊಟ್ಟಿದ್ದೆ. ಅದು ತಪ್ಪಾಯಿತು. ರೇಸ್ ಮಧ್ಯೆ ಹೆಬ್ಬೆರಳು ತಾಗಿ ಆಟವೇ ಮುಚ್ಚಿಹೋಯಿತು. ಮಧ್ಯದ ಬಟನ್ ಕೊಂಚ ಒಳಗೆ ಹುದುಗಿದೆ, ಬೇಕೆಂದೇ ಒತ್ತಬೇಕು. ಇಂಥ ಕೆಲಸಕ್ಕೆ ಸುಲಭದ ಬಟನ್ ಬೇಡ.

ಈಗಿನ ಸ್ಥಿತಿ

ಇನ್ನೂ ಹಳೆಯ ಕನ್ಸೋಲ್‌ಗಳನ್ನು ಅನುಕರಿಸುವ ಎಮ್ಯುಲೇಟರ್ ಪ್ರೋಗ್ರಾಮ್‌ಗಳಲ್ಲಿ ಈ ತಾಪತ್ರಯ ಇಲ್ಲ. ಸ್ನೆಸ್9ಎಕ್ಸ್ ಜಿಎಕ್ಸ್‌ನಲ್ಲಿ ವೀ ರಿಮೋಟ್‌ನ ಹೋಮ್ ಒತ್ತಿದರೆ ಅದರ ಮೆನು ಬರುತ್ತದೆ, ಅಲ್ಲಿಂದ ಹೊರಗೆ. ಅದನ್ನು ಮುಟ್ಟುವ ಅಗತ್ಯ ಬೀಳಲಿಲ್ಲ.

ಟಿವಿ ಪಕ್ಕದಲ್ಲಿ ಒಂದು ಕಾರ್ಡ್ ಅಂಟಿಸಿದ್ದೇನೆ. ಕಂಟ್ರೋಲರ್ ಚಿತ್ರ ಬರೆದು ನಾಲ್ಕು ಬಟನ್‌ಗೆ ಬಣ್ಣ ಹಾಕಿದ್ದೇನೆ. ಆರ್ ಪಕ್ಕದಲ್ಲಿ "ಟಕ್ ಅನ್ನಬೇಕು" ಅಂತ ಬರೆದಿದ್ದೇನೆ. ಅದರ ಕೆಳಗೆ ಹುಡುಗ ತನ್ನ ಅಕ್ಷರದಲ್ಲಿ "ಮೊದಲು ಸೇವ್" ಅಂತ ಸೇರಿಸಿದ್ದಾನೆ.

ನಿನ್ನೆ ಸಂಜೆ ನಾನು ಪುಸ್ತಕ ಓದುತ್ತಾ ಕೂತಿದ್ದೆ. ಅವನು ಸೇವ್ ಮಾಡಿದ, ನೀಲಿ ದೀಪ ಮಿಣುಕುವವರೆಗೆ ಕಾದ, ಮಧ್ಯದ ಬಟನ್ ಒತ್ತಿದ, ಪಟ್ಟಿ ಬಂತು, ಇನ್ನೊಂದು ಆಟ ಹಾಕಿಕೊಂಡ. ನನ್ನನ್ನು ಕರೆಯಲೇ ಇಲ್ಲ. ಅವನ ತಂಗಿಗೂ ಒಂದು ಕಂಟ್ರೋಲರ್ ಬೇಕಂತೆ. ಬರುವ ಶನಿವಾರ ಅದರ ಐಎನ್‌ಐ ಫೈಲ್ ಬರೆಯಬೇಕು.